ಕೊನೆಯ ಹೆಸರಿಗೆ ಬಿಟ್ಟ ಜಾಗ

ಹಳೆಯ ಕೋಟೊಂದನ್ನು ಡೊನೇಷನ್ ಚೀಲಕ್ಕೆ ಹಾಕುವ ಮುಂಚೆ ಜೇಬು ತಡಕಿದೆ. ಸಿಕ್ಕಿದ್ದು ಒಂದು ಕೋಲಾ ಬೀಜ. ಒಣಗಿ ಕಲ್ಲಾಗಿತ್ತು, ಮೂಸಿದರೆ ವಾಸನೆಯೂ ಇಲ್ಲ. ಆದರೂ ವಾಷಿಂಗ್ಟನ್ ಹತ್ತಿರದ ಕೊಲಂಬಿಯಾ ಊರಿನ ನಮ್ಮ ಟೌನ್‌ಹೌಸಿನ ಪಕ್ಕದ ಮನೆಯ ಅಂಕಲ್ ಕಣ್ಣ ಮುಂದೆ ಬಂದು ನಿಂತರು.

ಅವರು ನೈಜೀರಿಯಾದ ಇಗ್ಬೊ ಜನ. ವಾಷಿಂಗ್ಟನ್ನಿನಲ್ಲಿ ಬಸ್ ಓಡಿಸಿ ರಿಟೈರ್ ಆಗಿದ್ದರು. ತಮ್ಮವರ ಮದುವೆ, ಸಾವುಗಳಲ್ಲಿ ಗಿಟಾರ್ ಹಿಡಿದು ಹೈಲೈಫ್ ಎಂಬ ತಮ್ಮ ಕಡೆಯ ಹಾಡು ಹಾಡುತ್ತಿದ್ದರು. ಹೆಸರು ಕೇಳಿ ನಾನು ಕ್ಲಬ್ಬಿನ ಕುಣಿತ ಅಂದುಕೊಂಡಿದ್ದೆ, ದಡ್ಡಿ. ಅವರ ಹಾಡು ಶುರುವಾಗುತ್ತಿದ್ದದ್ದೇ ದೇವರ ಸ್ಮರಣೆಯಿಂದ. ಆಮೇಲೆ ಹಿರಿಯರ ಹೆಸರುಗಳು, ಒಂದೊಂದಾಗಿ... ಭಾನುವಾರ ಚರ್ಚು ತಪ್ಪಿಸದ ಮನುಷ್ಯ, ಸತ್ತ ಅಜ್ಜಂದಿರನ್ನೂ ಬಿಟ್ಟುಕೊಟ್ಟಿರಲಿಲ್ಲ.

ಮನೆಗೆ ಹೋದರೆ, ನಾವು ಎಲೆ ಅಡಿಕೆ ಕೊಡುವಂತೆ, ಅವರು ಕೋಲಾ ಬೀಜ ಕೊಡುತ್ತಿದ್ದರು. ಅದನ್ನು ಹಿಡಿದು ಇಗ್ಬೊ ಭಾಷೆಯಲ್ಲೇ ಪ್ರಾರ್ಥಿಸಿ ಒಡೆಯುತ್ತಿದ್ದರು. ಹೆಂಗಸರು ಒಡೆಯುವಂತಿಲ್ಲವಂತೆ. ನಾನು ಮುಖ ಊದಿಸಿಕೊಂಡರೆ ನಕ್ಕು, ಇನ್ನೊಂದನ್ನು ಇಡಿಯಾಗಿ ನನ್ನ ಕೈಗಿಟ್ಟು ಮನೆಗೆ ಒಯ್ಯಲು ಹೇಳುತ್ತಿದ್ದರು.

ಕೋವಿಡ್ ಬಂದ ವರ್ಷದ ಅಕ್ಟೋಬರ್. ನಾನೂ ನನ್ನ ಯಜಮಾನರೂ ಅವರ ಮನೆ ಹಿಂದಿನ ಮರದ ಡೆಕ್ಕಿನಲ್ಲಿ ದೂರ ದೂರ ಕೂತಿದ್ದೆವು. ಅವರೊಂದು ಹೊಸ ಹಾಡು ಕಟ್ಟಿದ್ದರು. ಏಳು ತಲೆಮಾರಿನ ಹೆಸರು ಕರೆದು, ತಮ್ಮ ಅಪ್ಪನ ಹೆಸರಾದ ಮೇಲೆ ಸುಮ್ಮನಾದರು. ಗಿಟಾರ್ ಮಾತ್ರ ನುಡಿಯುತ್ತಿತ್ತು.

"ಆ ಜಾಗ ನನ್ನದು" ಎಂದರು, ಇಂಗ್ಲಿಷಿನಲ್ಲಿ. "ನಾನು ಸತ್ತ ದಿನ ಇದನ್ನು ಹಾಕಬೇಕು, ಮಗಳು ಅಲ್ಲಿ ನನ್ನ ಹೆಸರು ಕೂಗಬೇಕು. ಅವಳಿಗೆ ನಮ್ಮ ಭಾಷೆ ಬರೋದಿಲ್ಲ. ಹೆಸರು ಬರುತ್ತಲ್ಲ, ಸಾಕು. ನನ್ನದು ಹಳೇ ಫೋನು, ನಿನ್ನದರಲ್ಲಿ ರೆಕಾರ್ಡ್ ಮಾಡಿಕೊಡು."

ನನ್ನ ಬಾಯಲ್ಲಿ ಕನ್ನಡವೇ ಬಂತು. "ಬಿಡ್ತು ಅನ್ನಿ, ಅಂಕಲ್."

"ರೆಕಾರ್ಡ್ ಮಾಡ್ಕೊಡೇ, ಪಾಪ ಕೇಳ್ತಿದಾರೆ" ಎಂದರು ಯಜಮಾನರು.

"ಬದುಕಿರೋರಿಗೆ ಸಾವಿನ ಹಾಡು ರೆಕಾರ್ಡ್ ಮಾಡ್ತಾರೇನ್ರೀ? ಬರ್ತ್‌ಡೇ ದಿನ ಬೇರೆ ಯಾವ್ದಾದ್ರೂ ಮಾಡೋಣ." ಫೋನನ್ನು ಕೋಟಿನ ಜೇಬಿಗೆ ಇಳಿಸಿದೆ. ಅಂಕಲ್‌ಗೆ ಏನು ಅರ್ಥವಾಯಿತೋ... ಒತ್ತಾಯ ಮಾಡಲಿಲ್ಲ. ಹೊರಡುವಾಗ ಎಂದಿನಂತೆ ಒಂದು ಬೀಜ ಕೊಟ್ಟರು.

ಜನವರಿಯಲ್ಲಿ ಆಸ್ಪತ್ರೆಗೆ ಹೋದವರು ವಾಪಸ್ ಬರಲಿಲ್ಲ. ಅಟ್ಲಾಂಟಾದಲ್ಲಿದ್ದ ಮಗಳು ಫೋನ್ ಮಾಡಿದಳು. "ಆಂಟಿ, ಅಪ್ಪ ಆ ಹಾಡನ್ನು ನಿಮ್ಮ ಮುಂದೆ ಹಾಡಿದೆ ಅಂದಿದ್ದರು. ನಿಮ್ಮ ಹತ್ತಿರ ಇದೆ ತಾನೇ?"

ಇಲ್ಲ ಎಂದೆ. ಯಾಕೆ ಇಲ್ಲ ಎಂದು ಹೇಳುವ ಧೈರ್ಯ ಬರಲಿಲ್ಲ.

ಅಂತ್ಯಸಂಸ್ಕಾರ ಜೂಮ್‌ನಲ್ಲಿ ನಡೆಯಿತು. ಎಲ್ಲವೂ ಇಂಗ್ಲಿಷಿನಲ್ಲಿ. ಕೊನೆಯಲ್ಲಿ ಮಗಳು ಮೈಕ್ ಆನ್ ಮಾಡಿದಳು. ಹಾಡಿಲ್ಲದೆ ಹೆಸರನ್ನು ಎಲ್ಲಿ ಕೂಗಬೇಕು ಎಂದು ತಿಳಿಯದೆ ಸ್ವಲ್ಪ ಹೊತ್ತು ನಮ್ಮನ್ನೆಲ್ಲ ನೋಡಿ, ಮತ್ತೆ ಆಫ್ ಮಾಡಿದಳು. ಅಪಶಕುನವೆಂದು ರೆಕಾರ್ಡ್ ಮಾಡದವಳು ನಾನು. ಅದಕ್ಕಿಂತ ದೊಡ್ಡ ಅಪಶಕುನ ಈ ಜನ್ಮದಲ್ಲಿ ಕಂಡಿಲ್ಲ.

ಈಗ ಆ ಮನೆಯಲ್ಲಿ ಬೇರೆ ಯಾರೋ ಇದ್ದಾರೆ. ಬೀಜ ಅಡುಗೆಮನೆಯ ಕಟ್ಟೆಯ ಮೇಲಿದೆ. ಪ್ರಾರ್ಥಿಸಿ ಒಡೆಯುವವರು ಇಲ್ಲ.

ಅಂಕಲ್ ಮಗಳಿಗೆ ಗೊತ್ತಿರುವುದು ತನ್ನ ಅಜ್ಜನ ಹೆಸರೊಂದೇ. ಒಮ್ಮೊಮ್ಮೆ ಮೆಸೇಜ್ ಮಾಡುತ್ತಾಳೆ, ಉಳಿದ ಆರರಲ್ಲಿ ಒಂದಾದರೂ ನೆನಪಾಯಿತೇ ಆಂಟಿ ಎಂದು. ಗಿಟಾರಿನ ರಾಗ ಇನ್ನೂ ಕಿವಿಯಲ್ಲಿದೆ... ಇವತ್ತೂ ಕೇಳಿದ್ದಳು. ಇಲ್ಲ ಎಂದು ಬರೆದೆ.