ಗುರುತು ಉಳಿಸದ ತವಾ

ನನ್ನದು ಹುಟ್ಟಾ ಸಂಶಯದ ಬುದ್ಧಿ. ಹಾಲಿನವನು ಎಂದಿಗಿಂತ ಸ್ವಲ್ಪ ಹೆಚ್ಚು ನಕ್ಕರೆ ಅವತ್ತು ಹಾಲಿನಲ್ಲಿ ಬೆರಳದ್ದಿ ನೋಡುವವಳು ನಾನು. ಶಾಲೆಯಲ್ಲಿ ಇಂಗ್ಲಿಷ್ ಕಲಿಸುತ್ತೇನೆ. ಪರೀಕ್ಷೆಯ ಕೋಣೆಗೆ ನಾನು ಬರುತ್ತೇನೆಂದು ಗೊತ್ತಾದರೆ ಮಕ್ಕಳು ಕಾಪಿ ಚೀಟಿಗಳನ್ನು ಹೊರಗೇ ಎಸೆದು ಬರುತ್ತಾರೆ. ಇಂಥವಳ ಮೇಲೆಯೇ ಮನೆಯವರಿಗೆ ಸಂಶಯ ಬಂತು, ಅದೂ ನಾನೇ ಕೊಂಡು ತಂದ ಒಂದು ತವಾದಿಂದ.

ನಾನು ಖಾನಾಪುರದವಳು. ತವರಿನಲ್ಲಿ ಮನೆಮಾತು ಮರಾಠಿ, ಓದಿದ್ದು ಕನ್ನಡ ಶಾಲೆ, ಹಿತ್ತಲಲ್ಲಿ ಕೋಳಿ. ಬೆಳಗಾವಿಯ ಅನಗೋಳದ ಈ ಮನೆಗೆ ಸೊಸೆಯಾಗಿ ಬಂದದ್ದು ನಾನೂ ಗಂಡನೂ ಒಬ್ಬರನ್ನೊಬ್ಬರು ಮೆಚ್ಚಿಕೊಂಡದ್ದರಿಂದ. ಇವರದು ಲಿಂಗಾಯತರ ಮನೆ. ಬೆಳಿಗ್ಗೆ ಲಿಂಗಪೂಜೆ ಆಗದೆ ಅತ್ತೆ ಚಹಾ ಕೂಡ ಮುಟ್ಟುವುದಿಲ್ಲ. ಮದುವೆಯ ಮಾತುಕತೆಗೆ ಕೂತಾಗ ಅವರು ಜಾತಿಯ ಬಗ್ಗೆ ಜಗಳ ತೆಗೆಯಲಿಲ್ಲ, ಕೊಡುವ ತರುವ ಸುದ್ದಿ ಎತ್ತಲಿಲ್ಲ. ಒಂದೇ ಮಾತು ಕೇಳಿದರು.

"ನಮ್ಮ ಅಡಿಗಿ ಮನ್ಯಾಗ ತತ್ತಿ ಬರಬಾರದು. ಇಷ್ಟ ನಡಸ್ಕೊಡ್ತಿ ಏನವಾ?"

ನಾನು ಹೂಂ ಅಂದೆ, ನಡೆಸಿಯೂ ಕೊಟ್ಟೆ. ಮೊಟ್ಟೆ ತಿನ್ನುವ ಆಸೆಯಾದರೆ ರಜೆಯ ದಿನ ಖಾನಾಪುರದ ಬಸ್ಸು ಹತ್ತುತ್ತಿದ್ದೆ, ಆಯಿಯ, ಅಂದರೆ ನನ್ನ ತಾಯಿಯ, ಕೈಯಲ್ಲಿ ಮಾಡಿಸಿಕೊಂಡು ತಿಂದು, ಬಾಯಿ ಮುಕ್ಕಳಿಸಿ, ಏಲಕ್ಕಿ ಅಗಿಯುತ್ತ ವಾಪಸು ಬರುತ್ತಿದ್ದೆ. ಮಾತು ಕೊಟ್ಟ ಮೇಲೆ ಕೊಟ್ಟ ಹಾಗೆ.

ತವಾ ಬಂದದ್ದು ಗಣಪತ ಗಲ್ಲಿಯ ಒಂದು ಅಂಗಡಿಯಿಂದ. ಬೆಳಿಗ್ಗೆ ಶಾಲೆಗೆ ಓಡುವ ಅವಸರದಲ್ಲಿ ದೋಸೆ ಹರಿದು ಹರಿದು ನನಗೆ ಸಾಕಾಗಿತ್ತು. ಅಂಗಡಿಯವನು ಕಪ್ಪಗೆ ಇದ್ದದ್ದನ್ನೆಲ್ಲ ನಾನ್‌ಸ್ಟಿಕ್ ಎಂದೇ ತೋರಿಸುತ್ತಿದ್ದ. ಶಬ್ದಕೋಶದಲ್ಲಿ ಅದು ವಿಶೇಷಣ, ಅಂದರೆ ಪಕ್ಕದಲ್ಲಿ ಒಂದು ತವಾವೋ ಕಡಾಯಿಯೋ ಇಲ್ಲದೆ ನಿಲ್ಲಲಾರದ ಪದ. ನಮ್ಮ ಊರಲ್ಲಿ ಅದು ಯಾರ ಆಸರೆಯೂ ಇಲ್ಲದೆ ನಿಂತುಬಿಟ್ಟಿದೆ. "ನಾನ್‌ಸ್ಟಿಕ್ ತೊಳದೇನು?", "ನಾನ್‌ಸ್ಟಿಕ್ ಬಾಜು ಇಡು", ಹೀಗೆ. ತರಗತಿಯಲ್ಲಿ ಇದನ್ನೇ ಯಾರಾದರೂ ಬರೆದರೆ ಕೆಂಪು ಗೆರೆ ಎಳೆಯುತ್ತೇನೆ. ಮನೆಯಲ್ಲಿ ನಾನೂ ಹಾಗೇ ಅನ್ನುತ್ತೇನೆ.

ಅತ್ತೆ ಡಬ್ಬಿಯ ಮೇಲಿನ ಅಕ್ಷರಗಳ ಮೇಲೆ ಬೆರಳಿಟ್ಟು ಕೇಳಿದರು. "ಏನಂತ ಬರದಾರ?"

"ನಾನ್‌ಸ್ಟಿಕ್ ಅಂತ್ರಿ. ಅಂದ್ರ ಏನೂ ಅಂಟಂಗಿಲ್ಲ. ಎಣ್ಣಿ ಹಾಕದಿದ್ರೂ ದ್ವಾಸಿ ತಾನ ಜಾರಿ ಬರತೈತಿ. ಒಂದ ಸಲ ಒರಿಸಿದ್ರ ಮುಗೀತು, ಏನೂ ಉಳಿಯಂಗಿಲ್ಲ."

ಅವರು ತವಾವನ್ನು ಬೆಳಕಿಗೆ ಹಿಡಿದು ಒಳಗೂ ಹೊರಗೂ ನೋಡಿದರು. "ಹಂಗಾರ ನಿನ್ನಿ ಇದರಾಗ ಏನ ಮಾಡಿದ್ರು ಅನ್ನೂದು ಇವತ್ತ ಗೊತ್ತಾಗಂಗಿಲ್ಲ ಅಂದಂಗಾತು," ಎಂದು ನನ್ನ ಕೈಗೆ ವಾಪಸು ಕೊಟ್ಟರು. ಮತ್ತೆ ಅದನ್ನು ಅವರು ಮುಟ್ಟಲಿಲ್ಲ.

ಅವರಿಗೆ ಅವರದೇ ಹಂಚು ಇತ್ತು. ನಂದಗಡ ಅವರ ತವರು. ಅಲ್ಲಿಯ ಸಂತೆಯಲ್ಲಿ ಅವರ ಅಪ್ಪ ಆರಿಸಿ ತಂದ ಕಬ್ಬಿಣದ ಹಂಚು ಅದು, ಮದುವೆಯಾದಾಗ ಅವರ ಜೊತೆಗೇ ಬಂದದ್ದು. ರೊಟ್ಟಿ ಬಿಟ್ಟರೆ ಅದರ ಮೇಲೆ ಬೇರೇನೂ ಬಿದ್ದಿರಲಿಲ್ಲ. ಒಮ್ಮೆ ನಾನು ತಿಳಿಯದೆ ಅದರ ಮೇಲೆ ಈರುಳ್ಳಿ ಹುರಿದಿದ್ದೆ. ಮರುದಿನ ರೊಟ್ಟಿಯ ಮೊದಲ ತುತ್ತಿಗೇ ಅವರಿಗೆ ಗೊತ್ತಾಗಿತ್ತು.

ಮಳೆಗಾಲದ ಒಂದು ಸೋಮವಾರ ಸಂಜೆ ನಾನು ಶಾಲೆಯಿಂದ ಬಂದಾಗ ಅತ್ತೆ ಅಡುಗೆಮನೆಯ ನಡುವೆ ನಿಂತಿದ್ದರು. ಅವರು ಸೋಮವಾರ ಮಧ್ಯಾಹ್ನ ಓಣಿಯ ಹೆಂಗಸರ ಜೊತೆ ವಚನ ಹಾಡಲು ಹೋಗುತ್ತಾರೆ. ಆಗಷ್ಟೇ ಬಂದಿದ್ದರು ಅಂತ ಕಾಣುತ್ತದೆ, ಕೈಯಲ್ಲಿ ಇನ್ನೂ ಚೀಲವಿತ್ತು.

"ಏನೋ ವಾಸನಿ ಐತಿ," ಅಂದರು.

ನಾನು ಮೂಗು ಎಳೆದೆ. ಸಂಶಯವೇ ಇರಲಿಲ್ಲ, ಅದು ಮೊಟ್ಟೆಯದೇ. ತವರಿನ ವಾಸನೆ ನನಗೆ ಗೊತ್ತಾಗುವುದಿಲ್ಲವೇ? ಅತ್ತೆ ನನ್ನ ಮೂಗನ್ನೇ ನೋಡುತ್ತಿದ್ದರು. ನಾನು ಅದನ್ನು ಗುರುತಿಸಿದ್ದು ಕೂಡ ನನ್ನ ಮೇಲೆಯೇ ಬಂತು. ತವಾ ಗೂಟಕ್ಕೆ ತೂಗುತ್ತಿತ್ತು, ಎಂದಿನ ಹಾಗೆ ಸ್ವಚ್ಛ, ಹೊಸದರ ಹಾಗೆ. "ನೋಡ, ಏನೂ ಉಳಿದಿಲ್ಲ," ಎಂದರು ಅತ್ತೆ. ಏನೂ ಉಳಿಯದ ತವಾ ಈ ಮನೆಗೆ ತಂದವಳು ನಾನೇ ತಾನೇ.

ಮರುದಿನದಿಂದ ಅವರು ನನ್ನ ಕೈಯ ಅಡುಗೆ ಉಣ್ಣುವುದನ್ನು ಬಿಟ್ಟರು. ಜಗಳವಿಲ್ಲ, ಕೂಗಾಟವಿಲ್ಲ. "ನೀ ದಗದಕ್ಕ ಹೋಗಾಕಿ, ನಿನಗ್ಯಾಕ ತ್ರಾಸ. ನಂದು ನಾ ಮಾಡ್ಕೋತೀನಿ," ಅಂದು ತಮ್ಮ ಪಾಲಿನ ರೊಟ್ಟಿ ತಾವೇ ಬಡಿದುಕೊಂಡು, ತಮ್ಮ ಪಲ್ಯ ತಾವೇ ಮಾಡಿಕೊಂಡು ಬೇರೆ ಕೂತರು. ಭುಜ ನೋಯುತ್ತಿತ್ತು ಅವರಿಗೆ, ಬಡಿಯುವಾಗ ಮುಖ ಕಿವುಚುತ್ತಿದ್ದರು. ನಾನು ಬಡಿಸಲು ಹೋದರೆ ತಟ್ಟೆಯ ಮೇಲೆ ಅಂಗೈ ಅಡ್ಡ ಇಡುತ್ತಿದ್ದರು. ಅಳು ಬರುವಷ್ಟು ಸಿಟ್ಟು ಬರುತ್ತಿತ್ತು ನನಗೆ. ಇಷ್ಟು ವರ್ಷ ಒಂದು ಮೊಟ್ಟೆಯನ್ನೂ ಹೊಸ್ತಿಲು ದಾಟಿಸದವಳಿಗೆ ಇದು ಬಹುಮಾನ.

ಮಾವ ಮಾತ್ರ ನನ್ನ ಪರ. ಸರ್ಕಾರಿ ಕಚೇರಿಯಲ್ಲಿ ಗುಮಾಸ್ತರಾಗಿದ್ದು ನಿವೃತ್ತರಾದವರು, ನನ್ನನ್ನು ಮಗಳೇ ಎಂದು ಕರೆಯುವವರು. ಊಟದ ಹೊತ್ತಿಗೆ ಅತ್ತೆಗೆ ಕೇಳುವ ಹಾಗೆಯೇ ಅನ್ನುತ್ತಿದ್ದರು.

"ಹೋಗ್ಲಿ ಬಿಡು ಅತ್ತಾಗ. ಸಣ್ಣಾಕಿ, ಬಾಯಿ ಚಪಲಕ್ಕ ತಿಂದಿದ್ರ ತಿಂದಾಳ. ಈಗಿನ ಕಾಲದಾಗ ಇದೆಲ್ಲಾ ನಡೀತೈತಿ."

ನನಗೆ ಆಗ ಕಣ್ಣು ತುಂಬಿ ಬಂದಿತ್ತು, ಎಂಥ ದೊಡ್ಡ ಮನಸ್ಸು ಎಂದು. ರಾತ್ರಿ ಪಾತ್ರೆ ತೊಳೆಯುವಾಗ ಆ ಮಾತನ್ನು ಇನ್ನೊಮ್ಮೆ ನೆನೆಸಿಕೊಂಡೆ. ತಿಂದಾಳ ಅಂದರಲ್ಲ. ತಿಂದಿಲ್ಲ ಅಂತ ಅವರು ಒಮ್ಮೆಯೂ ಅಂದಿರಲಿಲ್ಲ.

ಆದರೂ ಮೊದಲು ಸಂಶಯ ಪಟ್ಟದ್ದು ಗಂಡನನ್ನು. ತವಾದಲ್ಲಿ ಯಾರೋ ಅಡುಗೆ ಮಾಡುತ್ತಿದ್ದಾರೆ ಎಂಬುದು ನನಗೆ ಖಾತ್ರಿಯಾಗಿತ್ತು. ನಾನು ಅದಕ್ಕೆ ಕಟ್ಟಿಗೆಯ ಸೌಟು ಬಿಟ್ಟರೆ ಬೇರೆ ಹಚ್ಚುವುದಿಲ್ಲ, ಸ್ಟೀಲು ಹಚ್ಚಿದರೆ ಮೇಲಿನ ಪದರ ಏಳುತ್ತದೆ. ಕಿಟಕಿಯ ಬಳಿ ಓರೆಯಾಗಿ ಹಿಡಿದು ನೋಡಿದರೆ ನಡುವೆ ಉಗುರಿನಷ್ಟು ಸಣ್ಣ ಗೀರುಗಳು, ಸೋಮವಾರ ಕಳೆದಂತೆ ಹೆಚ್ಚುತ್ತಿದ್ದವು. ನಾನು ಹಿಡಿಕೆಯನ್ನು ಬಾಗಿಲ ಕಡೆ ತಿರುಗಿಸಿ ತೂಗುಹಾಕಿ ಹೋದರೆ ಸಂಜೆಗೆ ಅದು ಗೋಡೆಯ ಕಡೆ ಇರುತ್ತಿತ್ತು. ಗಂಡನ ಅಂಗಿ ಮೂಸಿದೆ. ಮಧ್ಯಾಹ್ನ ಆಫೀಸಿಗೆ ಫೋನ್ ಮಾಡಿ ಎಲ್ಲಿದ್ದೀರಿ ಎಂದು ಕೇಳಿದೆ. ಎರಡನೆಯ ವಾರಕ್ಕೆ ಅವರು ವಿಡಿಯೋ ಕಾಲ್ ಹಚ್ಚಿ ತಮ್ಮ ಮೇಜು, ಕುರ್ಚಿ, ಪಕ್ಕದಲ್ಲಿ ಕೂತ ಇಬ್ಬರು ಸಹೋದ್ಯೋಗಿಗಳು, ಎಲ್ಲರನ್ನೂ ತೋರಿಸಿ, "ಸಮಾಧಾನ ಆತಿಲ್ಲೋ?" ಎಂದು ಕೇಳಿ ಇಟ್ಟುಬಿಟ್ಟರು. ಎರಡು ದಿನ ಮಾತಾಡಲಿಲ್ಲ.

ಮೊಟ್ಟೆ ಒಡೆದರೆ ಸಿಪ್ಪೆ ಇರಬೇಕಲ್ಲ? ಕಸದ ಬುಟ್ಟಿಯಲ್ಲಿ ಇರಲಿಲ್ಲ, ಗಟಾರದ ಬಾಯಿಯಲ್ಲಿ ಇರಲಿಲ್ಲ. ಸಿಕ್ಕಿದ್ದು ಮಾಳಿಗೆಯ ಮೇಲೆ, ಬಟ್ಟೆ ಒಣಹಾಕಲು ಹೋದಾಗ. ಮಾವನ ಗುಲಾಬಿ ಕುಂಡಗಳು ಅಲ್ಲಿ ಸಾಲಾಗಿವೆ. ಆ ವರ್ಷ ಗುಲಾಬಿ ನಾಚಿಕೆಯಿಲ್ಲದಷ್ಟು ಹೂ ಬಿಟ್ಟಿತ್ತು, ನೋಡಿದವರೆಲ್ಲ ಏನು ಗೊಬ್ಬರ ಎಂದು ಕೇಳುತ್ತಿದ್ದರು. ಬಗ್ಗಿ ನೋಡಿದೆ. ಮಣ್ಣಿನ ಮೇಲೆ ಬೆಳ್ಳಗೆ ಪುಡಿ, ಪುಡಿಯ ನಡುವೆ ಸರಿಯಾಗಿ ಪುಡಿಯಾಗದ ಚೂರುಗಳು, ಒಂದು ಚೂರಿನ ಒಳಗೆ ಅಂಟಿಕೊಂಡ ತೆಳುವಾದ ಪೊರೆ.

ನಾನು ಬಟ್ಟೆಯ ಬುಟ್ಟಿ ಇಟ್ಟು ಅಲ್ಲೇ ಕೂತೆ. ಹಣೆಗೆ ಮೂರು ಬೆರಳಿನ ವಿಭೂತಿ ಬಳಿದುಕೊಂಡು ನನ್ನ ತವಾದ ಮುಂದೆ ಸ್ಟೀಲಿನ ಸೌಟು ಹಿಡಿದು ನಿಂತ ಮಾವ ಕಣ್ಣಿಗೆ ಕಟ್ಟಿದರು. ವರ್ಗವಾದ ಊರುಗಳಲ್ಲಿ ಒಬ್ಬರೇ ರೂಮು ಮಾಡಿಕೊಂಡು ಇದ್ದ ವರ್ಷಗಳಲ್ಲಿ ಹತ್ತಿದ ರುಚಿ ಇರಬೇಕು. ತಿನ್ನಲಿ, ಅದಕ್ಕೆ ನನ್ನ ಅಡ್ಡಿಯಿಲ್ಲ. ಆದರೆ ತಾನು ತಿಂದು, ನನ್ನ ಹೆಸರಿಗೆ ಬರೆದು, ಮೇಲೆ ಕ್ಷಮೆಯನ್ನೂ ಕೊಡಿಸಲು ಬಂದ ಮನುಷ್ಯ!

ಎದ್ದು ಕೆಳಗೆ ಹೋಗಿ ಅತ್ತೆಗೆ ಹೇಳಬೇಕು ಎಂದು ಮೆಟ್ಟಿಲ ತನಕ ಬಂದೆ. ಅಲ್ಲಿ ನನ್ನ ಹಾಳು ಬುದ್ಧಿ ಮತ್ತೆ ತಡೆಯಿತು. ಲಿಂಗಪೂಜೆಗೆ ಹೂ ಯಾರು ಕೀಳುತ್ತಾರೆ? ಅತ್ತೆಯೇ. ದಿನವೂ ಬೆಳಿಗ್ಗೆ ಇದೇ ಕುಂಡಗಳ ಮೇಲೆ ಬಗ್ಗಿ, ಒಂದೊಂದೇ ಹೂ ಆರಿಸಿ. ರೊಟ್ಟಿಯಲ್ಲಿ ಹಿಂದಿನ ದಿನದ ಈರುಳ್ಳಿ ಹಿಡಿಯುವ ಹೆಂಗಸಿಗೆ ಕಣ್ಣೆದುರಿಗಿನ ಸಿಪ್ಪೆ ಕಾಣಲಿಲ್ಲವೇ?

ಗೊತ್ತಿತ್ತು ಅವರಿಗೆ. ಗೊತ್ತಿದ್ದೇ ನನ್ನ ಅನ್ನ ಬಿಟ್ಟಿದ್ದರು. ಮಾವನ ಮೇಲೆ ಬಂದ ಸಿಟ್ಟು ಇದರ ಮುಂದೆ ಏನೂ ಅಲ್ಲ.

ದಸರೆಯ ರಜೆ ಬಂತು. ಆಯಿಗೆ ಅಕ್ಕಿಹಿಟ್ಟಿನ ಘಾವನ ದೋಸೆ ಮಾಡಲು ಬೇಕಂತೆ ಎಂದು ಹೇಳಿ, ತವಾವನ್ನು ಹಳೆಯ ಸೀರೆಯಲ್ಲಿ ಸುತ್ತಿ ಚೀಲಕ್ಕೆ ಹಾಕಿಕೊಂಡು ಖಾನಾಪುರಕ್ಕೆ ಹೊರಟೆ. ಆಯಿ ಏನೂ ಕೇಳಿರಲಿಲ್ಲ. ಮುಂದಿನ ಸೋಮವಾರ ಆ ಮನೆಯಲ್ಲಿ ಏನಾಗುತ್ತದೆ ನೋಡೋಣ ಎಂಬುದೇ ನನ್ನ ಉದ್ದೇಶ. ಮಾವ ಚಪ್ಪಲಿ ಹುಡುಕುವ ನೆವದಲ್ಲಿ ಅಂಗಳದಲ್ಲೇ ಸುಳಿದಾಡುತ್ತ ನನ್ನ ಚೀಲ ನೋಡುತ್ತಿದ್ದರು.

ಖಾನಾಪುರದಲ್ಲಿ ಆಯಿಗೆ ಎಲ್ಲ ಹೇಳಿದೆ. ಆಯಿ ಸಮಾಧಾನದಲ್ಲಿದ್ದರೆ ಮರಾಠಿ, ಸಿಟ್ಟಿಗೆ ಬಂದರೆ ಕನ್ನಡ.

"ಖರೇ ಇದ್ದದ್ದ ಹೇಳಾಕ ನಿನಗ್ಯಾಕ ಅಂಜಿಕಿ? ಮಾವನ ಹೆಸರ ಹೇಳಿ ಮುಗಿಸಿಬಿಡು. ಇಲ್ಲಂದ್ರ ನಾ ಬಂದ ಹೇಳ್ತೀನಿ."

"ಆಕಿಗೆ ಗೊತ್ತೈತಿ ಆಯಿ. ಗೊತ್ತಿದ್ದಾಕಿಗೆ ಏನಂತ ಹೇಳ್ಲಿ?"

ಆಯಿ ಹಿತ್ತಲಿಗೆ ಹೋಗಿ ಎರಡು ಮೊಟ್ಟೆ ತಂದು ಅದೇ ತವಾದಲ್ಲಿ ಒಡೆದು ಹಾಕಿದಳು. ಉಪ್ಪು, ಹಸಿಮೆಣಸಿನಕಾಯಿ, ಕೊತ್ತಂಬರಿ. ಅಂಗಡಿಯವನು ಹೇಳಿದ ಹಾಗೇ ಜಾರಿ ತಟ್ಟೆಗೆ ಬಂತು. ಯಾವತ್ತೂ ಚಪ್ಪರಿಸಿ ತಿನ್ನುವವಳು ನಾನು, ಅವತ್ತು ಅರ್ಧ ಬಿಟ್ಟೆ. ಆಯಿ ತವಾ ಒರೆಸಿ ಇಟ್ಟಳು. ಒಂದು ಕಲೆ ಇಲ್ಲ.

ಮಂಗಳವಾರ ಮಧ್ಯಾಹ್ನ ವಾಪಸು ಬಂದೆ. ತವಾವನ್ನು ಬೇಕೆಂದೇ ಖಾನಾಪುರದಲ್ಲಿ ಬಿಟ್ಟಿದ್ದೆ. ಮಾವ ಪಡಸಾಲೆಯಲ್ಲಿ ಪೇಪರು ಹಿಡಿದು ಕೂತಿದ್ದರು, "ಬಂದಿ ಮಗಳ?" ಎಂದರು, ಪೇಪರು ಕೆಳಗಿಳಿಸಲಿಲ್ಲ. ಹಿತ್ತಲಿನಿಂದ ಗರಗರ ಸದ್ದು ಬರುತ್ತಿತ್ತು. ಹೋಗಿ ನೋಡಿದೆ.

ಅತ್ತೆ ನಳದ ಕೆಳಗೆ ಕುಕ್ಕುರುಗಾಲಲ್ಲಿ ಕೂತು ಹಂಚು ತಿಕ್ಕುತ್ತಿದ್ದರು. ನಂದಗಡದ ಹಂಚು. ಇಟ್ಟಂಗಿ ಪುಡಿ ಹಾಕಿ, ತೆಂಗಿನ ನಾರಿನಿಂದ, ನೋಯುವ ಭುಜದಿಂದ. ಹಂಚಿನ ನಡುವೆ ಕಂದು ಹಳದಿಯ ಒಂದು ದೊಡ್ಡ ಕಲೆ, ಅಂಚಿನಲ್ಲಿ ಸುಟ್ಟು ಕರಿಕಾಗಿ ಕಬ್ಬಿಣಕ್ಕೇ ಬೆಸೆದುಕೊಂಡಿತ್ತು. ಎಣ್ಣೆ ಕಾಣದ ರೊಟ್ಟಿಯ ಹಂಚಿನ ಮೇಲೆ ಮೊಟ್ಟೆ ಒಡೆದು ಹಾಕಿದರೆ ಇನ್ನೇನಾಗುತ್ತದೆ? ಮಾವ ಕೆರೆದು ನೋಡಿದ್ದಾರೆ ಪಾಪ, ಸ್ಟೀಲಿನ ಸೌಟಿನ ಗೀರುಗಳು ಅಡ್ಡಾದಿಡ್ಡಿ ಬಿದ್ದಿದ್ದವು.

ಗೆದ್ದೆ ಅನಿಸಬೇಕಿತ್ತು ನನಗೆ. ಬಸ್ಸಿನಲ್ಲಿ ಬರುವಾಗ ಇದನ್ನೇ ಕಲ್ಪಿಸಿಕೊಂಡು ಒಳಗೊಳಗೇ ನಕ್ಕಿದ್ದೆ ಕೂಡ. ಅತ್ತೆ ನಾರನ್ನು ಎಡಗೈಗೆ ಬದಲಿಸಿಕೊಂಡು ತಿಕ್ಕತೊಡಗಿದಾಗ ಆ ನಗೆಯೆಲ್ಲ ಹೋಯಿತು.

"ನಿಂದು ಆ ನಾನ್‌ಸ್ಟಿಕ್ ಎಲ್ಲೈತಿ?" ಅವರು ತಲೆ ಎತ್ತದೆ ಕೇಳಿದರು.

"ಖಾನಾಪುರದಾಗ ಬಿಟ್ಟ ಬಂದೇನ್ರಿ."

"ಹೋಗಿ ತಗೊಂಡ ಬಾ. ಅದ ಇರೂತನಾ ನನ್ನ ಹಂಚ ಛಲೋ ಇತ್ತು."

ನನಗೆ ತಡೆಯಲಾಗಲಿಲ್ಲ. "ನಿಮಗ ಮೊದಲ ಗೊತ್ತಿತ್ತಲ್ರಿ?"

ಸದ್ದು ನಿಂತಿತು. ಅತ್ತೆ ನಳ ಬಂದ್ ಮಾಡಿ, ಸೆರಗಿಗೆ ಕೈ ಒರೆಸಿಕೊಂಡು, ಪಡಸಾಲೆಯ ಕಡೆ ಒಮ್ಮೆ ನೋಡಿ ದನಿ ತಗ್ಗಿಸಿದರು.

"ಗೊತ್ತಿತ್ತು. ನಿನಗ ಅಂದ್ರ ನೀ ಸಿಟ್ಟ ಮಾಡ್ಕೊಂಡ ಖಾನಾಪುರಕ್ಕ ಹೋಗ್ತಿ, ನಾಕ ದಿನ ಇದ್ದ ಮತ್ತ ಬರ್ತಿ. ಅವರಿಗೆ ಅಂದಿದ್ರ ನಾ ಎಲ್ಲಿಗೆ ಹೋಗಬೇಕಿತ್ತವಾ?"

ನಂದಗಡದಲ್ಲಿ ಅವರ ತವರು ಎಂಬುದು ಉಳಿದಿರಲಿಲ್ಲ. ಅಣ್ಣಂದಿರು ಹೋಗಿ, ಮನೆ ಮಾರಿ, ಅಲ್ಲಿಯದೆಂದು ಈ ಹಂಚು ಒಂದೇ ಉಳಿದಿತ್ತು. ನನ್ನ ಸಿಟ್ಟು ಪೂರ್ತಿ ಇಳಿದಿತ್ತು ಎಂದು ಹೇಳಲಾರೆ. ಅವರ ಕೈಯಿಂದ ಹಂಚು ತೆಗೆದುಕೊಂಡು ನಾನು ತಿಕ್ಕಲು ಕೂತೆ. ಅವರು ಬೇಡ ಅನ್ನಲಿಲ್ಲ, ಪಕ್ಕದ ಕಲ್ಲಿನ ಮೇಲೆ ಕೂತು ಭುಜ ನೀವಿಕೊಂಡರು.

"ನಿನ್ನಿ ಮಧ್ಯಾಹ್ನದಿಂದ ಉಂಡಿಲ್ಲ. ಇದರ ಮ್ಯಾಲ ರೊಟ್ಟಿ ಹ್ಯಾಂಗ ಬಡೀಲಿ? ನೀನ ಏನರ ಮಾಡಿ ಹಾಕು," ಎಂದರು.

ನಾನು ಒಳಗೆ ಹೋಗಿ ಉಪ್ಪಿಟ್ಟು ಮಾಡಿದೆ. ತಟ್ಟೆಗೆ ಬಡಿಸುವಾಗ ಅಭ್ಯಾಸಬಲದಿಂದ ಅವರ ಅಂಗೈ ಅಡ್ಡ ಬರುತ್ತದೇನೋ ಎಂದು ಸೌಟು ಹಿಡಿದು ಕಾದೆ. ಬರಲಿಲ್ಲ. ಮಾವನನ್ನು ನಾನೂ ಕರೆಯಲಿಲ್ಲ, ಅತ್ತೆಯೂ ಕರೆಯಲಿಲ್ಲ. ತಟ್ಟೆ ಖಾಲಿಯಾದಾಗ ಅತ್ತೆ ಅದನ್ನು ಮತ್ತೆ ನನ್ನ ಕಡೆ ಸರಿಸಿದರು.