ಶೀನ ಮಾವನಿಗೊಂದು ಡಬ್ಬಿ ರ‍್ಯಾಂಚ್

ಕಳೆದ ಭಾನುವಾರ ಬೆಳಿಗ್ಗೆ ದೋಸೆ ಕಾವಲಿಯ ಮೇಲಿರುವಾಗ ನಾವುಂದದಿಂದ ಗಿರಿಜತ್ತೆಯ ಫೋನು ಬಂತು.

“ರ‍್ಯಾಂಚ್ ಅಂದ್ರೆ ಎಂತ ಮಾರಾಯ್ತಿ? ನಿನ್ ಮಾವ ಅದ್ ಬೇಕ್ ಅಂತ್ರ್.”

ದೋಸೆ ಮಗುಚುವುದು ಮರೆತೇಹೋಯಿತು. ಗಿರಿಜತ್ತೆ ನನ್ನ ಸೋದರಮಾವನ ಹೆಂಡತಿ. ಪೇಪರಿನಲ್ಲಿ ಬರೆಯುವವಳಿಗೆ ಪ್ರಪಂಚದ ಎಲ್ಲ ವಿಷಯವೂ ಗೊತ್ತಿರುತ್ತದೆ ಎಂದು ಅವರು ಗಟ್ಟಿಯಾಗಿ ನಂಬಿದ್ದಾರೆ. (ಆ ನಂಬಿಕೆಯನ್ನು ಕೆಡಿಸಲು ನಾನೂ ಹೋಗಿಲ್ಲ.) ಹಾಗಾಗಿ, ಗೊತ್ತುಂಟು ಅತ್ತೆ, ಮಾಡಿ ತರುತ್ತೇನೆ ಎಂದುಬಿಟ್ಟೆ. ಆ ಪದಾರ್ಥವನ್ನು ನಾನು ಜನ್ಮದಲ್ಲಿ ತಿಂದವಳಲ್ಲ.

ಮಾವನಿಗೆ ಅದು ಎಲ್ಲಿಂದ ಗೊತ್ತು ಎಂದು ಹೇಳಬೇಕು. ನನ್ನ ಶೀನ ಮಾವ ವಿದೇಶದ ಪ್ರಯಾಣಿಕರ ಹಡಗುಗಳಲ್ಲಿ ಅಡುಗೆಯವರಾಗಿದ್ದವರು. ಒಲೆಯ ಹತ್ತಿರದ ಕೆಲಸವಲ್ಲ. ಸಲಾಡ್, ಸಾಸ್ ಇತ್ಯಾದಿ ತಯಾರಾಗುವ ತಣ್ಣನೆಯ ಅಡುಗೆಮನೆಯಲ್ಲಿ ಇವರದ್ದೇ ಯಜಮಾನಿಕೆ. ಬಿಳಿಯರು ಪ್ರತಿಯೊಂದನ್ನೂ ಅದ್ದಿಕೊಂಡು ತಿನ್ನುವ ಬಿಳಿ ಸಾಸ್ ಒಂದಿದೆಯಂತೆ, ಅದೇ ರ‍್ಯಾಂಚ್ ಡ್ರೆಸ್ಸಿಂಗ್. ಅದನ್ನು ಮಾವ ಬಕೆಟ್ಟುಗಟ್ಟಲೆ ಕಲಸಿದ್ದಾರೆ.

ರಜೆಯಲ್ಲಿ ಊರಿಗೆ ಬಂದಾಗಲೂ ಅವರ ನಾಲಿಗೆಗೆ ರಜೆ ಇರುತ್ತಿರಲಿಲ್ಲ. ಊಟಕ್ಕೆ ಕೂತು ಮೊದಲ ತುತ್ತು ಬಾಯಿಗಿಟ್ಟು ಕಣ್ಣು ಮುಚ್ಚುತ್ತಿದ್ದರು. ಆಮೇಲೆ ತೀರ್ಪು. ಕಾಯಿ ನುಣ್ಣಗಾಗಲಿಲ್ಲ, ಹುಳಿ ಒಂದು ಕೈ ಜಾಸ್ತಿ, ಉಪ್ಪು ಸಾಲದು. ಅತ್ತೆ ಆ ತೀರ್ಪು ಕೇಳಿಕೇಳಿ ರೋಸಿಹೋಗಿದ್ದರು. ಇವರು ಒಂದು ದಿನ ಸುಮ್ಮನೆ ಉಂಡು ಎದ್ದರೆ ದೇವರಿಗೆ ಹಣ್ಣುಕಾಯಿ ಮಾಡಿಸುತ್ತೇನೆ ಎಂದು ನನ್ನ ಅಮ್ಮನ ಹತ್ತಿರ ಹೇಳಿದ್ದೂ ಉಂಟು.

ಈಗ ಐದು ತಿಂಗಳಿಂದ ಮಾವ ಸುಮ್ಮನೆ ಉಣ್ಣುತ್ತಿದ್ದಾರೆ.

ಗಂಟಲಿನಲ್ಲಿ ಗಡ್ಡೆಯಾಗಿತ್ತು. ಕರೆಂಟ್, ಅಂದರೆ ರೇಡಿಯೇಷನ್, ಕೊಟ್ಟರು. ಗಡ್ಡೆ ಹೋಯಿತು, ಜೊತೆಗೆ ರುಚಿಯೂ ಹೋಯಿತು. ನಿಧಾನಕ್ಕೆ ತಿರುಗಿ ಬರಬಹುದು, ಪೂರ್ತಿ ಬಾರದೆಯೂ ಇರಬಹುದು ಎಂದಿದ್ದಾರೆ ಡಾಕ್ಟರು. ಖಾರ ತಾಗಿದರೆ ಬಾಯಿ ಉರಿಯುತ್ತದೆ, ಹಾಗಾಗಿ ಮೀನು ಸಾರು ಇಲ್ಲ. ಗಂಜಿ ನಾಲ್ಕು ಚಮಚ ಇಳಿದರೆ ದೊಡ್ಡದು. ಮುಂದಿನ ವಾರ ತಪಾಸಣೆ ಇದೆ. ಅಷ್ಟರೊಳಗೆ ತೂಕ ಸ್ವಲ್ಪವಾದರೂ ಏರದಿದ್ದರೆ ಮೂಗಿಗೆ ಪೈಪ್ ಹಾಕಿ ಆಹಾರ ಕೊಡುವುದೇ ದಾರಿ ಎಂದು ಹೇಳಿ ಕಳಿಸಿದ್ದಾರೆ. ಇಂಥ ಮನುಷ್ಯ ಐದು ತಿಂಗಳ ಮೇಲೆ ಮೊದಲ ಬಾರಿ ಬಾಯಿಬಿಟ್ಟು ಏನನ್ನೋ ತಿನ್ನಬೇಕೆಂದು ಕೇಳಿದ್ದರು. ತಣ್ಣಗಿರುವ, ಮೆತ್ತಗಿರುವ, ಉರಿಯದ ಏನೋ ಒಂದು.

ಮಾಡಲೇಬೇಕು. ಆದರೆ ಹೇಗೆ?

ಮೊಬೈಲ್ ತೆಗೆದೆ. ಮೊದಲ ವಿಡಿಯೋದ ಹೆಂಗಸು ಮಜ್ಜಿಗೆ ಹಾಕು ಎಂದಳು. ಎರಡನೆಯವಳು ಮಜ್ಜಿಗೆ ಹಾಕಿದರೆ ಕೆಟ್ಟಿತು ಎಂದಳು. ಮೂರನೆಯವನಂತೂ ಮಾರ್ಕೆಟ್‌ನಿಂದ ಪುಡಿ ತಂದು ಕಲಸಿ ಕೈ ತೊಳೆದುಕೊಂಡ. ಎಲ್ಲರೂ ಹಸಿ ಮೊಟ್ಟೆ, ಎಣ್ಣೆ ಕಡೆದು ಮಾಡುವ ಮಯೋನೀಸ್ ಎಂದರು. ಮಾವನಿಗೆ ಹಸಿ ಮೊಟ್ಟೆ ಕೂಡದು, ಪ್ಯಾಕೆಟ್ಟಿನ ಸಾಮಾನೂ ಕೂಡದು. ಹಾಗಾದರೆ ಮೊಟ್ಟೆಯೂ ಇಲ್ಲದ, ಮಯೋನೀಸೂ ಇಲ್ಲದ ರ‍್ಯಾಂಚ್ ರ‍್ಯಾಂಚೇ ಹೌದಾ? ಯಾರನ್ನು ಕೇಳುವುದು? ನಮ್ಮ ಇಡೀ ಕುಟುಂಬದಲ್ಲಿ ಅದರ ರುಚಿ ಬಲ್ಲವರು ಒಬ್ಬರೇ. ಅವರಿಗೀಗ ರುಚಿಯೇ ಗೊತ್ತಾಗುವುದಿಲ್ಲ!

ಕೊನೆಗೆ ನಾನೇ ಒಂದು ದಾರಿ ಮಾಡಿಕೊಂಡೆ. ಗಟ್ಟಿ ಮೊಸರನ್ನು ಬಟ್ಟೆಯಲ್ಲಿ ಕಟ್ಟಿ ನೇತುಹಾಕಿದೆ. ಹಾಲಿನ ಕೆನೆ ಎತ್ತಿಟ್ಟೆ. ಗಂಟಲಿಗೆ ಚುಚ್ಚದಂತೆ ಬೆಳ್ಳುಳ್ಳಿಯನ್ನು ಬೇಯಿಸಿಕೊಳ್ಳುವುದು, ಕಾಳುಮೆಣಸು ಬೇಡ ಎಂದು ತೀರ್ಮಾನಿಸಿದೆ. ಇನ್ನು ಬೇಕಾದದ್ದು ಸಬ್ಬಸಿಗೆ ಸೊಪ್ಪು. ಕುಂದಾಪುರದ ತರಕಾರಿ ಅಂಗಡಿಯಲ್ಲಿ ಕೇಳಿದರೆ ಅಂಗಡಿಯಾಕೆ ಮುಖವರಳಿಸಿ, ಮನೆಯಲ್ಲಿ ಬಾಣಂತಿ ಯಾರು, ಮಗು ಗಂಡೋ ಹೆಣ್ಣೋ ಎಂದು ವಿಚಾರಿಸಿದಳು. ಎಪ್ಪತ್ತು ದಾಟಿದ ಮಾವನಿಗೆ ಎಂದೆ. ಆಕೆ ನನ್ನನ್ನೊಮ್ಮೆ ಮೇಲಿಂದ ಕೆಳಗೆ ನೋಡಿ ಕಟ್ಟು ಕೊಟ್ಟಳು.

ಸೋಮವಾರ ಬೆಳಿಗ್ಗೆ ಮಿಕ್ಸಿಯ ಪಕ್ಕ ಎಲ್ಲವನ್ನೂ ಅಳೆದು ಜೋಡಿಸಿಕೊಂಡು ಆ ಎರಡನೆಯವಳ ವಿಡಿಯೋ ಹಚ್ಚಿದೆ. ಮೊಸರು, ಕೆನೆ, ಬೆಳ್ಳುಳ್ಳಿ, ಎರಡು ಹನಿ ನಿಂಬೆರಸ. ನಡುವೆ ಜಾಹೀರಾತು ಬಂತು. ಅದನ್ನು ದಾಟಿಸುವಷ್ಟರಲ್ಲಿ ಆ ಹೆಂಗಸು ಸೊಪ್ಪು ಉದುರಿಸಿ ಮುಗಿಸಿದ್ದಳು. ನಾನೂ ಉದುರಿಸಿದೆ. ಬೆಳ್ಳಗೆ, ನುಣ್ಣಗೆ, ಹಸಿರು ಚುಕ್ಕೆಗಳೊಂದಿಗೆ ಚಿತ್ರದಲ್ಲಿದ್ದಂತೆಯೇ ಬಂತು. ನನ್ನ ಗಂಡ ಇಣುಕಿ ನೋಡಿ, ಇದು ಅನ್ನಕ್ಕೋ ದೋಸೆಗೋ ಎಂದು ಕೇಳಿದರು. ನನಗೂ ಗೊತ್ತಿರಲಿಲ್ಲ.

ರುಚಿ ನೋಡಲಿಲ್ಲವೇ ಎಂದು ನೀವು ಕೇಳಬಹುದು. ಸೋಮವಾರ ನನಗೆ ಒಪ್ಪತ್ತು, ಬೆಳ್ಳುಳ್ಳಿ ಬಾಯಿಗೆ ಹಾಕುವಂತಿಲ್ಲ. ಹಾಕಿದ್ದರೂ ಏನು ಪ್ರಯೋಜನ? ಹೇಗಿರಬೇಕು ಎಂದು ಗೊತ್ತಿದ್ದರಲ್ಲವೇ ಸರಿಯೋ ತಪ್ಪೋ ಎಂದು ಹೇಳುವುದು? ಮೊನ್ನೆ ಬ್ರಹ್ಮಾವರದ ಮದುವೆಯೊಂದರಲ್ಲಿ ಬಿಳಿ ಪಾಸ್ತಾದ ಕೌಂಟರ್ ಇತ್ತು. ಅಜ್ಜಿಯಂದಿರೂ ಸಾಲಿನಲ್ಲಿ ನಿಂತು ತಿಂದರು, ಸೂಪರ್ ಎಂದರು. ನಾನೂ ಸೂಪರ್ ಎಂದೆ. ಅದು ನಿಜಕ್ಕೂ ಸೂಪರ್ ಆಗಿತ್ತೇ? ಇವತ್ತಿಗೂ ನನಗೆ ಗೊತ್ತಿಲ್ಲ.

ಡಬ್ಬಿಯನ್ನು ಐಸ್ ತುಂಡುಗಳ ನಡುವೆ ಇಟ್ಟುಕೊಂಡು ನಾವುಂದದ ಮೇಲೆ ಹೋಗುವ ಬೈಂದೂರು ಬಸ್ ಹತ್ತಿದೆ. ತಲ್ಲೂರು ದಾಟುವಾಗ ಧೈರ್ಯವಿತ್ತು. ಮರವಂತೆ ಬರುವಷ್ಟರಲ್ಲಿ ಅರ್ಧ ಉಳಿದಿತ್ತು.

ಮಾವ ಜಗಲಿಯ ಕುರ್ಚಿಯಲ್ಲಿ ಕೂತಿದ್ದರು. ಅಂಗಿಯೊಳಗೆ ಇನ್ನೊಬ್ಬರು ಕೂರುವಷ್ಟು ಜಾಗವಿತ್ತು. ಅತ್ತೆಯ ಸೊಸೆ ಸುಮನ ಆಲೂಗಡ್ಡೆಯನ್ನು ಮೆತ್ತಗೆ ಬೇಯಿಸಿಟ್ಟಿದ್ದಳು. ಒಳಗೆ ಡಬ್ಬಿ ತೆರೆದು ಮೊದಲು ಅವಳಿಗೆ ಒಂದು ಚಮಚ ಕೊಟ್ಟೆ. ಅವಳು ಸ್ವಲ್ಪ ಹೊತ್ತು ಬಾಯಿ ಆಡಿಸಿ, ಲಾಯ್ಕ್ ಇತ್ತ್ ಅಕ್ಕ ಎಂದಳು. ಅತ್ತೆಯೂ ನೆಕ್ಕಿದರು. ಒಂಥರಾ ಬೇರೆಯೇ ಉಂಟು, ಫಾರಿನ್‌ನವರ ಅಡುಗೆ ಹೀಗೇ ಇರಬಹುದು ಎಂದರು. ಇಬ್ಬರೂ ಪಾಸು ಮಾಡಿದ್ದರಿಂದ ನಾನು ನಿರಾಳವಾದೆ.

ಮಾವ ಆಲೂಗಡ್ಡೆಯನ್ನು ಅದ್ದಿ ಬಾಯಿಗಿಟ್ಟು ಕಣ್ಣು ಮುಚ್ಚಿದರು. ಹಳೆಯ ಶೀನ ಮಾವ! ಮೂವರೂ ಅವರ ಮುಖವನ್ನೇ ನೋಡುತ್ತ ನಿಂತೆವು. ಇನ್ನೊಂದು ತುಂಡು ತಿಂದರು. ಕಣ್ಣು ತೆರೆದರು.

“ಇದ್ರಗೆ ಉಪ್ಪ್ ಇಲ್ಲ.”

ಅತ್ತೆಯ ಮುಖ ಸಣ್ಣದಾಯಿತು. ಕಾರಣವಿದೆ. ಒಂದು ತಿಂಗಳ ಹಿಂದೆ ಒಂದೇ ಒಂದು ಸಲ ಗಂಜಿಗೂ ಮಾವ ಇದೇ ಮಾತು ಹೇಳಿದ್ದರಂತೆ. ಅತ್ತೆ ಸಂಭ್ರಮದಿಂದ ಓಡಿಹೋಗಿ ರುಚಿ ನೋಡಿದರೆ, ಅವತ್ತು ಸುಮನ ಮತ್ತು ಅತ್ತೆ ಇಬ್ಬರೂ ಒಬ್ಬರಿಗೊಬ್ಬರು ತಿಳಿಯದೆ ಉಪ್ಪು ಹಾಕಿದ್ದರು, ಗಂಜಿ ಉಪ್ಪುಪ್ಪಾಗಿತ್ತು. ಅತ್ತೆ ಬಾವಿಕಟ್ಟೆಯ ಹತ್ತಿರ ಹೋಗಿ ಅತ್ತದ್ದನ್ನು ಸುಮನ ನನಗೆ ಹೇಳಿದ್ದಳು. ಜೀವಮಾನವಿಡೀ ಬೇಡ ಬೇಡ ಎಂದ ತೀರ್ಪನ್ನೇ ಈಗ ಅವರು ಕಾಯುತ್ತಿದ್ದರು. ಅದು ಬಂದರೂ ಸುಳ್ಳಾಗಿ ಬರುತ್ತಿತ್ತು.

ನಾನು ಸುಮ್ಮನಿರಬಹುದಿತ್ತು. ಇರಲಿಲ್ಲ. “ಹಾಕಿದ್ದೆ ಮಾವ, ಅಳ್ದೇ ಹಾಕಿದ್ದೆ” ಎಂದೆ. ಸುಮನ ಸರಿಯಿದೆ ಎಂದಳು. ಅತ್ತೆಯೂ ತಲೆಯಾಡಿಸಿದರು.

ಮಾವ ನಮ್ಮ ಮೂವರ ಮುಖವನ್ನೂ ಒಂದೊಂದಾಗಿ ನೋಡಿದರು.

“ಹಂಗಾರೆ ನನ್ ನಾಲ್ಗೆಯೇ ಹೋಯ್ತ್, ಬಿಡಿ.”

ಬಟ್ಟಲನ್ನು ಆಚೆ ಸರಿಸಿ ಗೋಡೆಯ ಕಡೆ ತಿರುಗಿ ಕೂತರು. ಎಷ್ಟು ಕರೆದರೂ ಇನ್ನೊಂದು ತುಂಡು ಮುಟ್ಟಲಿಲ್ಲ. ಹಠವಲ್ಲ ಅದು. ಹಠವಿದ್ದ ಮಾವನನ್ನು ನಾನು ಕಂಡಿದ್ದೇನೆ. ಇವರು ಸೋತಿದ್ದರು.

ವಾಪಸು ಬರುವಾಗ ಬಸ್ಸಿನಲ್ಲಿ ಯಾರು ಮಾತಾಡಿಸಿದರೂ ನನಗೆ ಕೇಳಿಸಲಿಲ್ಲ. ತಪ್ಪು ಎಲ್ಲಿ? ಮೊಸರಿನದ್ದೋ, ಮಯೋನೀಸ್ ಇಲ್ಲದ್ದೋ, ಸಬ್ಬಸಿಗೆಯದ್ದೋ? ಅಥವಾ ಮಾವನ ನಾಲಿಗೆ ಇನ್ನು ತಿರುಗಿ ಬರುವುದೇ ಇಲ್ಲವೋ? ಏನೂ ತಿಳಿಯದೆ ಮನೆಗೆ ಬಂದು, ಬೆಳಿಗ್ಗೆ ಬಿಟ್ಟುಹೋದ ಪಾತ್ರೆ ತೊಳೆಯೋಣವೆಂದು ಅಡುಗೆಮನೆಗೆ ಹೋದೆ.

ಮಿಕ್ಸಿಯ ಪಕ್ಕ ಒಂದು ಸ್ಟೀಲ್ ಮುಚ್ಚಳ. ಅದರಲ್ಲಿ ನಾನು ಬೆಳಿಗ್ಗೆ ಅಳೆದಿಟ್ಟ ಉಪ್ಪು, ಗಾಳಿಯ ತೇವಕ್ಕೆ ಸ್ವಲ್ಪ ನೀರೊಡೆದು, ಹಾಗೇ ಕೂತಿತ್ತು.

ಸೋಮವಾರವೂ ಮರೆತುಹೋಯಿತು, ಒಪ್ಪತ್ತೂ ಮರೆತುಹೋಯಿತು. ಮಿಕ್ಸಿ ಜಾರಿನ ಅಂಚಿಗೆ ಅಂಟಿದ್ದನ್ನು ಬೆರಳಿನಲ್ಲಿ ಬಳಿದು ಬಾಯಿಗಿಟ್ಟೆ. ಹುಳಿಯಿತ್ತು, ಬೆಳ್ಳುಳ್ಳಿಯಿತ್ತು, ಸೊಪ್ಪಿನ ವಾಸನೆಯಿತ್ತು. ಉಪ್ಪಿನ ಸುಳಿವಿಲ್ಲ. ಆ ಜಾಹೀರಾತು ದಾಟಿಸುವಾಗ ನಾನು ಉಪ್ಪನ್ನೂ ದಾಟಿಸಿಬಿಟ್ಟಿದ್ದೆ.

ಕೂಡಲೇ ನಾವುಂದಕ್ಕೆ ಫೋನ್ ಮಾಡಿದೆ. ಅತ್ತೆ, ನಾನು ಉಪ್ಪೇ ಹಾಕಲಿಲ್ಲ, ಉಪ್ಪು ಇಲ್ಲೇ ಉಂಟು ಎಂದೆ. ಆ ಕಡೆಯಿಂದ ಮೂಗು ಸೆಳೆಯುವ ಸದ್ದು ಬಂತು. ಮತ್ತೆ ಅತ್ತೆ ಫೋನನ್ನು ಕೈಯಲ್ಲಿ ಹಿಡಿದೇ ಜಗಲಿಗೆ ನಡೆದರು.

“ಹ್ವಾಯ್, ಕೇಂಡ್ರ್ಯಾ? ನೀವ್ ಹೇಳದ್ದೇ ಸಮ ಅಂಬ್ರ್. ಅದ್ರಗೆ ಉಪ್ಪ್ ಇಲ್ಲ.”

ಆಮೇಲೆ ದೂರದಿಂದ, ಒಡೆದ ಸ್ವರದಲ್ಲಿ, ಆದರೆ ಹಡಗಿನ ಯಜಮಾನಿಕೆಯ ಗತ್ತಿನಲ್ಲೇ ಮಾವ ಹೇಳಿದ್ದು ನನಗೂ ಕೇಳಿಸಿತು.

“ಕಾಲ್ ಚಮ್ಚ ಹಾಕ್. ಕಲ್ಸಿ ತಕಂಡ್ ಬಾ, ನಾನ್ ರುಚಿ ಕಾಂತೆ.”

ಬಟ್ಟಲು ಖಾಲಿಯಾಯಿತಂತೆ. ಮರುದಿನ ಅತ್ತೆ ಫೋನಿನಲ್ಲಿ ಪೂರ್ತಿ ತೀರ್ಪು ಓದಿ ಹೇಳಿದರು. ಸೊಪ್ಪು ಜಾಸ್ತಿ, ಕೆನೆ ಸಾಲದು, ಮತ್ತು ಇದನ್ನು ರ‍್ಯಾಂಚ್ ಎಂದು ಕರೆಯಲು ಬರುವುದಿಲ್ಲವಂತೆ. ಹೇಳುವಾಗ ಅತ್ತೆಯ ನಗು ನಿಲ್ಲುತ್ತಿರಲಿಲ್ಲ. ಹಾಗಾದರೆ ನಾನು ಮಾಡಿದ್ದು ಏನು? ಗೊತ್ತಿಲ್ಲ. ತಪಾಸಣೆಯ ದಿನ ತೂಕ ಎಷ್ಟು ತೋರಿಸುತ್ತದೋ, ಅದೂ ಗೊತ್ತಿಲ್ಲ. ಇಂದು ಎರಡನೇ ಡಬ್ಬಿ ಹೊರಡುತ್ತಿದೆ. ಈ ಸಲ ಉಪ್ಪನ್ನು ಎರಡೆರಡು ಬಾರಿ ನೋಡಿದ್ದೇನೆ.

ತಿನ್ನದೆಯೇ ಹಾಕಿದ್ದೇನೆ ಎಂದವಳು ನಾನು. ತಿಂದೂ ಸರಿಯಿದೆ ಎಂದವರು ಅವರಿಬ್ಬರು. ಈಗ ನೀವೇ ಹೇಳಿ, ನಮ್ಮ ನಾಲ್ವರಲ್ಲಿ ನಾಲಿಗೆ ಕಳೆದುಕೊಂಡದ್ದು ಯಾರು?