ವಾಸನೆ ಇಲ್ಲದೆ ಕಳೆದ ವರ್ಷ

ಆ ವರ್ಷ ದೀಪಾವಳಿ ಮುಗಿದ ವಾರದಲ್ಲೇ ನನಗೆ ಜ್ವರ ಬಂತು. ಮುದ್ದೇಬಿಹಾಳದಲ್ಲಿ ಮನೆಮನೆಗೂ ಅಂಥ ಜ್ವರ ಇದ್ದ ದಿನಗಳು, ಯಾರೂ ತಲೆಕೆಡಿಸಿಕೊಳ್ಳಲಿಲ್ಲ. ಮೈಕೈ ನೋವು ಹೋಯಿತು, ಕೆಮ್ಮು ಹೋಯಿತು. ಜ್ವರ ಬಿಟ್ಟ ಬೆಳಿಗ್ಗೆ ಗಂಡ ಶುಂಠಿ ಜಜ್ಜಿ ಹಾಕಿ ಚಹಾ ಮಾಡಿ ತಂದುಕೊಟ್ಟರು. ಕುಡಿದೆ. ಬಿಸಿಯಿತ್ತು, ಸಿಹಿಯಿತ್ತು, ಅಷ್ಟೇ.

"ಶುಂಠಿ ಹಾಕಿಲ್ಲೇನ್ರಿ?" ಎಂದೆ.

ಅವರು ಶುಂಠಿ ಜಜ್ಜಿದ ಕಲ್ಲನ್ನೇ ತಂದು ನನ್ನ ಮೂಗಿನ ಹತ್ತಿರ ಹಿಡಿದರು. ನನಗೆ ಬರೀ ಕಲ್ಲು ಕಂಡಿತು.

ಡಾಕ್ಟರು ಒಳ್ಳೆಯವರು, ಸುಳ್ಳು ಭರವಸೆ ಕೊಡಲಿಲ್ಲ. "ಬರ್ತೈತ್ರಿ, ಆದ್ರ ಯಾವಾಗ ಅಂತ ಹೇಳಾಕ ಬರಂಗಿಲ್ಲ" ಎಂದರು. ನಾನು ಕೆಲಸ ಮಾಡುವ ಕಾಲೇಜಿನ ಲೈಬ್ರರಿಯಲ್ಲಿ ಜೊತೆಯವರು ನಕ್ಕರು. "ಚಲೋ ಆತ ಬಿಡ್ರಿ ಮೇಡಂ, ಗಟಾರದ ವಾಸನಿ ತಪ್ಪಿತು." ನಾನೂ ನಕ್ಕೆ. ಕುರುಡಿಗೆ, ಕಿವುಡಿಗೆ ಜನ ಮರುಗುತ್ತಾರೆ; ಮೂಗಿನ ಈ ಕಷ್ಟಕ್ಕೆ ನಮ್ಮಲ್ಲಿ ಒಂದು ಹೆಸರೂ ಇಲ್ಲ.

ಆದರೆ ದಿನ ಕಳೆದಂತೆ ಊರು ನನ್ನಿಂದ ದೂರ ಸರಿಯತೊಡಗಿತು. ಮಾರ್ಕೆಟ್ಟಿನಲ್ಲಿ ಕೊತ್ತಂಬರಿಯ ಗುಡ್ಡೆ ಹಸಿರು ಕಾಗದದ ಹಾಗೆ ಕಾಣುತ್ತಿತ್ತು. ಹಳೆಯ ಪುಸ್ತಕ ತೆರೆದರೆ ಅಕ್ಷರ ಮಾತ್ರ. ಬಸ್ಸಿನ ಗಾಜಿನ ಹಿಂದೆ ಕುಳಿತು ನನ್ನದೇ ಓಣಿಯನ್ನು ನೋಡುತ್ತಿದ್ದೇನೆ ಅನ್ನಿಸುತ್ತಿತ್ತು. ಗಂಡನ ಅಂಗಿ ಒಗೆಯಲು ಹಾಕುವಾಗ ಒಮ್ಮೆ ಅದನ್ನು ಮುಖಕ್ಕೆ ಒತ್ತಿಕೊಂಡು ನಿಂತುಬಿಟ್ಟೆ. ಅದು ಯಾರ ಅಂಗಿಯಾದರೂ ಆಗಿರಬಹುದಿತ್ತು.

ಒಂದು ಭಾನುವಾರ ಗಂಡ ಬಸವನ ಬಾಗೇವಾಡಿಗೆ ಹೋಗಿದ್ದರು. ನಾನು ಹಾಲು ಕಾಯಲು ಇಟ್ಟು, ಅಡುಗೆಮನೆಯಲ್ಲೇ ಕೆಳಗೆ ಕುಳಿತು ಮೆಂತ್ಯ ಸೊಪ್ಪು ಸೋಸುತ್ತಿದ್ದೆ. ಹಾಲು ಉಕ್ಕಿ ಒಲೆಯ ಮೇಲೆ ಹರಿದು ಉರಿ ಆರಿಹೋಗಿದೆ. ಬೆನ್ನು ತಿರುಗಿಸಿ ಕುಳಿತಿದ್ದ ನನಗೆ ತಿಳಿಯಲಿಲ್ಲ. ಗ್ಯಾಸು ಸುಮ್ಮನೆ ಬರುತ್ತಲೇ ಇತ್ತು. ಸೊಪ್ಪು ಮುಗಿಸಿ ಎದ್ದು, ಹಾಲಿನ ಕಡೆ ನೋಡದೆಯೇ ರೊಟ್ಟಿಯ ಹಂಚು ಪಕ್ಕದ ಒಲೆಯ ಮೇಲಿಟ್ಟು, ಕೈಗೆ ಲೈಟರು ತೆಗೆದುಕೊಂಡೆ.

"ತಂಗೀ! ಹಚ್ಚಬ್ಯಾಡ! ಏನೂ ಹಚ್ಚಬ್ಯಾಡ!"

ಕಂಪೌಂಡಿನ ಆಚೆಯಿಂದ ಬಂದ ಕೂಗು. ಪಕ್ಕದ ಮನೆಯ ಆಪಾ, ಓಣಿಗೆಲ್ಲ ಅಕ್ಕ. ಅವರ ಮನೆತನ ತಲೆಮಾರುಗಳಿಂದ ಇದೇ ಓಣಿಯದು. ಅವರ ಗಂಡನದು ಬಜಾರದಲ್ಲಿ ಬಟ್ಟೆ ಅಂಗಡಿ. ಮೊಳಕಾಲು ನೋವಿನ ಆ ಹೆಂಗಸು ಅವತ್ತು ಹೇಗೆ ಓಡಿಬಂದರೋ ಗೊತ್ತಿಲ್ಲ. ಒಳಗೆ ನುಗ್ಗಿ, ಸಿಲಿಂಡರಿನ ರೆಗ್ಯುಲೇಟರು ತಿರುವಿ, ಕಿಟಕಿಗಳನ್ನು ಧಡಧಡ ತೆರೆದು, ನನ್ನ ತೋಳು ಹಿಡಿದು ಹಿತ್ತಿಲಿಗೆ ಎಳೆದರು. ಲೈಟರು ಇನ್ನೂ ನನ್ನ ಕೈಯಲ್ಲೇ ಇತ್ತು.

"ನಮ್ಮ ಹಿತ್ತಲ ತನಕ ವಾಸನಿ ಬಂದೈತಿ! ನೀ ಅದರಾಗ ಕುಂತೀಯಲ್ಲ, ಗೊತ್ತಾಗಲಿಲ್ಲೇನ?"

"ಇಲ್ಲರಿ ಆಪಾ. ನನಗೀಗ ಯಾವ ವಾಸನಿನೂ ಬರಂಗಿಲ್ಲ."

ಅವರು ನಗಲಿಲ್ಲ. ನನ್ನ ಮುಖವನ್ನೇ ನೋಡಿದರು. "ಹೇಳಬಾರದೇನವ್ವಾ ಇಷ್ಟ ದಿನ?" ಎಂದು ಸೆರಗಿನಿಂದ ನನ್ನ ಹಣೆ ಒರೆಸಿದರು. ನನಗೆ ಅಳು ಬಂದದ್ದು ಗ್ಯಾಸಿನ ಹೆದರಿಕೆಗಲ್ಲ, ಆ ಮಾತಿಗೆ.

ಮರುದಿನದಿಂದ ಆಪಾ ಬೆಳಿಗ್ಗೆ, ಸಂಜೆ ಬಂದು ಅಡುಗೆಮನೆಯಲ್ಲಿ ಮೂಸಿ ನೋಡಿ ಹೋಗತೊಡಗಿದರು. ಹಾಲು ಒಡೆಯಲು ಬಂದಿದೆ, ಪಲ್ಯ ಹಳಸಿದೆ ಎಂದು ಅವರೇ ಹೇಳುವರು. ಬರಬರುತ್ತಾ ಓಣಿಯ ಸುದ್ದಿಯನ್ನೂ ತಂದರು. "ಇವತ್ತ ಹಿಂದಿನ ಮನಿಯಾಗ ಎಣಗಾಯಿ ನೋಡ. ಗುರೆಳ್ಳು ಜರಾ ಹೆಚ್ಚ ಹುರದಾರ." ನಾನು ಕಣ್ಣುಮುಚ್ಚಿ ಕೇಳುತ್ತಿದ್ದೆ. ಗೋಡೆ ದಾಟಿ ಬರುವ ಇಷ್ಟೊಂದು ಜೀವನ ನಮ್ಮನ್ನು ಸುತ್ತಿಕೊಂಡಿತ್ತೆಂದು ಮೊದಲು ನಾನು ಗಮನಿಸಿಯೇ ಇರಲಿಲ್ಲ.

ಶಿವರಾತ್ರಿಯ ಸುಮಾರಿಗೆ ತವರಿಗೆ ಹೋದೆ. ತವರು ಇಂಡಿ ತಾಲೂಕಿನ ಹೊರ್ತಿ. ಅಣ್ಣನದು ನಿಂಬೆ ತೋಟ, ಆಗ ಮೈತುಂಬ ಹೂ ಬಿಟ್ಟಿತ್ತು. ಆ ಹೂವಿನ ವಾಸನೆಯಲ್ಲೇ ಬೆಳೆದವಳು ನಾನು. ಇದಕ್ಕಾದರೂ ಮೂಗು ಎಚ್ಚೆತ್ತೀತು ಎಂಬ ಆಸೆ ನನಗಿಂತ ಅಣ್ಣನಿಗೇ ಹೆಚ್ಚಿತ್ತು. ಚೀಲ ಕೆಳಗಿಡುವ ಮೊದಲೇ ಕೈಹಿಡಿದು ತೋಟಕ್ಕೆ ಕರೆದೊಯ್ದ. ಒಂದು ಗೊಂಚಲು ಹೂ ಕಿತ್ತು, ಎಲೆ ಹರಿದು, ಎರಡನ್ನೂ ಅಂಗೈಯಲ್ಲಿ ತಿಕ್ಕಿ ನನ್ನ ಮೂಗಿಗೆ ಹಿಡಿದ.

"ಎಳಿ ತಂಗಿ, ಜೋರಾಗಿ ಉಸಿರು ಎಳಿ. ಬಂತಾ?"

"ಇಲ್ಲ ಅಣ್ಣಾ."

"ಇನ್ನೊಮ್ಮಿ ಎಳಿ."

"ಇಲ್ಲೋ ಅಣ್ಣಾ. ಬರವಲ್ದು."

ಅವನ ಕೈ ಕೆಳಗಿಳಿಯಿತು. ತಪ್ಪೆಲ್ಲ ತೋಟದ್ದೇ ಎಂಬಂತೆ ಗಿಡಗಳ ಕಡೆ ನೋಡುತ್ತಾ ನಿಂತ. ಅವನ ಮುಖ ನೋಡಲಾರದೆ ನಾನು ಒಂದು ಗಿಡದ ಕೆಳಗೆ ಕುಳಿತೆ. ಆಗ ಆ ಸದ್ದು ಕೇಳಿತು. ತಲೆಯ ಮೇಲೆ ಜೇನುಹುಳುಗಳು. ಒಂದು ಗಿಡದಲ್ಲಲ್ಲ, ಇಡೀ ತೋಟದಲ್ಲಿ. ದೂರದಲ್ಲೆಲ್ಲೋ ಹಿಟ್ಟಿನ ಗಿರಣಿ ನಡೆದಂತೆ ಒಂದೇ ಸಮನೆ ಗುಂಯ್‌ಗುಡುತ್ತಿದ್ದವು. ಚಿಕ್ಕಂದಿನಿಂದ ಇಲ್ಲೇ ಆಡಿದ್ದೇನೆ, ಇದನ್ನು ಕೇಳಿಯೇ ಇರಲಿಲ್ಲ. ಮೂಗಿನ ತುಂಬ ಹೂವಿನ ವಾಸನೆ ಇದ್ದಾಗ ಕಿವಿಗೆ ಬಿಡುವು ಸಿಕ್ಕಿರಲಿಲ್ಲವೇನೋ.

"ಅಣ್ಣಾ, ಇಲ್ಲಿ ಬಾ. ಕಣ್ಣ ಮುಚ್ಚಿ ಕುಂಡರು."

"ಯಾಕ?"

"ಕುಂಡರು, ಹೇಳ್ತೇನಿ."

ಅಣ್ಣ ಕುಳಿತ. ಸ್ವಲ್ಪ ಹೊತ್ತಿನ ಮೇಲೆ ಅವನ ಹುಬ್ಬು ಮೇಲೇರಿತು. "ಅಲಲಾ... ಇಷ್ಟ ಅದಾವೇನ?" ಎಂದ ಮೆಲ್ಲಗೆ. ವರ್ಷವಿಡೀ ಆ ಗಿಡಗಳ ನಡುವೆಯೇ ಓಡಾಡುವ ಮನುಷ್ಯ. ಅಣ್ಣನ ಹೆಂಡತಿ, ನಮ್ಮ ವೈನಿ, ಊಟಕ್ಕೆ ಕರೆಯಲು ಬಂದು, ನಾವಿಬ್ಬರೂ ಕಣ್ಣುಮುಚ್ಚಿ ನೆಲದ ಮೇಲೆ ಕುಳಿತಿದ್ದನ್ನು ಕಂಡು ಗಾಬರಿಯಾದರು. ವಿಷಯ ತಿಳಿದ ಮೇಲೆ ಅವರೂ ನಮ್ಮ ಪಕ್ಕ ಕುಳಿತರು. ಅವತ್ತಿನ ಊಟ ತಣ್ಣಗಾಯಿತು.

ಮೂಗು ತೆರೆದದ್ದು ಮಳೆಗಾಲದಲ್ಲಿ, ಯಾರೂ ಬಯಸದ ಜಾಗದಲ್ಲಿ. ಸಿಂದಗಿಯಲ್ಲಿ ನೆಂಟರ ಮಗುವಿನ ತೊಟ್ಟಿಲ ಕಾರ್ಯ ಮುಗಿಸಿ ಬಸ್ ಸ್ಟ್ಯಾಂಡಿನಲ್ಲಿ ನಿಂತಿದ್ದೆ. ಕಲಬುರಗಿ ಬಸ್ಸೊಂದು ಹೊಗೆ ಬಿಡುತ್ತಾ ಹಿಂದಕ್ಕೆ ಸರಿಯಿತು. ಮೂಗಿನ ಮೇಲ್ಭಾಗದಲ್ಲಿ ಏನೋ ಚುರ್ ಎಂದಿತು. ಡೀಸೆಲ್! ಅದರ ಹಿಂದೆಯೇ ಗೋಡೆಯ ಮೂಲೆಯಿಂದ ಮೂತ್ರದ ಘಾಟು. ಸುತ್ತಲಿನವರು ಸೆರಗು, ಕರ್ಚೀಫು ಮುಚ್ಚಿಕೊಂಡಿದ್ದರೆ ನಾನು ಬಾಯಿ ಮುಚ್ಚಿ ಮೂಗಿನಿಂದ ಎಳೆದುಕೊಳ್ಳುತ್ತಿದ್ದೆ. ಕಣ್ಣಲ್ಲಿ ನೀರು.

"ಯಾಕ್ರೀ ಅಕ್ಕಾರ, ತಲಿ ತಿರಗಾಕತ್ತೈತೇನ್ರಿ?" ಎಂದು ಪಕ್ಕದಲ್ಲಿದ್ದ ಹೆಂಗಸು ನೀರಿನ ಬಾಟಲಿ ಚಾಚಿದಳು.

"ಇಲ್ಲರಿ, ವಾಸನಿ ಬರಾಕತ್ತೈತಿ!"

"ಬರ್ತೈತ್ರಿ, ಭಾಳ ಬರ್ತೈತಿ. ಸ್ವಚ್ಛ ಎಲ್ಲಿ ಮಾಡ್ತಾರ ಇವರು?" ಎಂದಳು. ನನಗೆ ನಗು ತಡೆಯಲಾಗಲಿಲ್ಲ. ಅಲ್ಲಿಂದಲೇ ಗಂಡನಿಗೆ, ಅಣ್ಣನಿಗೆ, ಆಪಾಗೆ ಫೋನು ಮಾಡಿದೆ.

ಎಲ್ಲವೂ ಒಮ್ಮೆಲೇ ಸರಿಹೋಗಲಿಲ್ಲ. ಕೆಲವು ತಿಂಗಳು ಈರುಳ್ಳಿ ಹುರಿದರೆ ಟೈರು ಸುಟ್ಟ ಹಾಗೆ ನಾರುತ್ತಿತ್ತು. ಗಂಡ ಈರುಳ್ಳಿ ತರುವುದನ್ನೇ ಬಿಟ್ಟರು. ಆಪಾ ನನಗೆಂದು ಈರುಳ್ಳಿ ಹಾಕದ ಸಾರು ಬೇರೆ ಮಾಡಿ ಕಳಿಸುತ್ತಿದ್ದರು. ಕಣ್ಣುಮುಚ್ಚಿಸಿ ಲವಂಗ, ಬಡೇಸೋಪು, ಸಾಬೂನಿನ ತುಂಡು ಮೂಸಿಸುವರು. ನಾನು ತಪ್ಪು ಹೇಳಿದರೆ ಹೊಟ್ಟೆ ಹಿಡಿದು ನಗುವರು. ಹೀಗೆ ಒಂದೊಂದಾಗಿ ವಾಸನೆಗಳು ತಿರುಗಿ ಬಂದವು. ಒಂದೆರಡು ಇನ್ನೂ ಬಂದಿಲ್ಲ.

ಆದರೆ ಒಂದು ವಿಚಿತ್ರವಾಯಿತು. ಅವರವರ ಮನೆಯ ವಾಸನೆ ಅವರವರಿಗೆ ತಿಳಿಯುವುದಿಲ್ಲ, ಹೊಸಬರಿಗೆ ಮಾತ್ರ ತಿಳಿಯುತ್ತದೆ. ಆ ದಿನಗಳಲ್ಲಿ ನಾನು ಎಲ್ಲ ಮನೆಗೂ ಹೊಸಬಳಾಗಿದ್ದೆ. ಒಂದು ಮಧ್ಯಾಹ್ನ ಆಪಾ ಮನೆಯ ಪಡಸಾಲೆಯಲ್ಲಿ ಕಾಲಿಡುತ್ತಲೇ ನಿಂತುಬಿಟ್ಟೆ.

"ಏನಾತ? ನಮ್ಮ ಮನಿ ಹೆಂಗ ನಾರತೈತಿ, ಖರೇ ಹೇಳ" ಎಂದರು ಆಪಾ.

"ಇಸ್ತ್ರಿ ಮಾಡಿದ ಅರಿವಿ, ಏಲಕ್ಕಿ... ಮತ್ತ ತೊಗರಿ ಧೂಳ್ರಿ. ಈ ಗ್ವಾಡಿ ಕಡಿಂದ."

"ತೊಗರಿ?" ಆಪಾ ಗೋಡೆಯ ಕಡೆ ತಿರುಗಿದರು. "ನಮ್ಮ ಮಾವಾರ ಕಾಲದಾಗ ಇಲ್ಲೇ ಚೀಲ ಒಟ್ಟತಿದ್ರು ನೋಡ. ಅವರು ಹೋದ ಮ್ಯಾಲೆ ತೊಗರಿ ವ್ಯಾಪಾರನ ಬಿಟ್ಟೇವಿ. ಸುಣ್ಣ ಎಷ್ಟ ಸಲ ಹೊಡಿಸೇವೋ ಏನೋ."

ಅವರು ಗೋಡೆಗೆ ಮೂಗು ಹಚ್ಚಿ ನೋಡಿದರು. ತಲೆ ಅಲ್ಲಾಡಿಸಿದರು. "ನನಗೇನೂ ಬರವಲ್ದವ್ವಾ." ಆದರೂ ಅಂಗೈಯನ್ನು ಗೋಡೆಯ ಮೇಲಿಟ್ಟು ಹಾಗೇ ನಿಂತರು. ಮದುವೆಯಾಗಿ ಬಂದ ಹೊಸದರಲ್ಲಿ ಅತ್ತೆ ಇದೇ ಗೋಡೆಗೆ ಒರಗಿ ಕುಳಿತು ತೊಗರಿ ಹಸನು ಮಾಡುತ್ತಿದ್ದುದು, ಹೊಸ ಸೊಸೆ ನಾಚಿ ಮಾತಾಡದಿದ್ದುದನ್ನು ಕಂಡು ಮೊರವೊಂದನ್ನು ಇವರ ಕಡೆ ಸರಿಸಿ ಸುಮ್ಮನೆ ಪಕ್ಕದಲ್ಲಿ ಕೂರಿಸಿಕೊಂಡಿದ್ದು, ಎಲ್ಲ ಹೇಳಿದರು. ಅತ್ತೆಯ ಬಗ್ಗೆ ಅವರು ಮಾತಾಡಿದ್ದನ್ನು ನಾನು ಕೇಳಿದ್ದು ಅದೇ ಮೊದಲು. ಇಳಿಹೊತ್ತಿನ ಅಸರ್ ನಮಾಜಿನ ಬಾಂಗು ಕೇಳಿಸಿದಾಗ ಮಾತು ನಿಲ್ಲಿಸಿ, ಮೊಳಕಾಲು ಹಿಡಿದುಕೊಂಡು, ಕೈಕಾಲು ತೊಳೆಯಲು ಒಳಗೆ ಹೋದರು.